ಕುಂಡದ ಕೈತೋಟ: ಕೆಂಪಾಗಲು ಕತ್ತಲೆ ಬೇಕು

ಡಿಸೆಂಬರ್ ಬಂತೆಂದರೆ ಮುಂಬಯಿಯ ನರ್ಸರಿಗಳಲ್ಲಿ ಪಾಯಿನ್‌ಸೆಟಿಯಾ ಕುಂಡಗಳು ಕೆಂಪಗೆ ಬೆಳಗುತ್ತಿರುತ್ತವೆ. ಬಣ್ಣಕ್ಕೆ ಮರುಳಾಗಿ ನಾವೂ ಒಂದನ್ನು ಮನೆಗೆ ತರುತ್ತೇವೆ. ಕೆಂಪೆಲ್ಲ ಉದುರಿದ ಮೇಲೆ ಗಿಡವೇನೋ ಹಸುರಾಗಿ ಹುಲುಸಾಗಿ ಬೆಳೆಯುತ್ತದೆ. ಆದರೆ ಮರುವರ್ಷ ಡಿಸೆಂಬರ್ ಕಳೆದರೂ ಕೆಂಪಾಗದು. ಗೊಬ್ಬರ ಹಾಕಿದ್ದಾಯಿತು, ನೀರೆರೆದದ್ದಾಯಿತು; ಕೊನೆಗೆ ‘ಇದು ಒಂದೇ ವರ್ಷದ ಗಿಡ’ ಎಂದು ಕಸಕ್ಕೆ ಎಸೆಯುವವರುಂಟು. ಇದು ಅನ್ಯಾಯ.

ಈ ಗಿಡದ ತವರು ಮೆಕ್ಸಿಕೋ. 1825ರಲ್ಲಿ ಅಲ್ಲಿಗೆ ಅಮೆರಿಕದ ರಾಯಭಾರಿಯಾಗಿ ಹೋದ ಜೋಯೆಲ್ ಪಾಯಿನ್‌ಸೆಟ್ ಎಂಬುವರು ಇದನ್ನು ತಮ್ಮ ದೇಶಕ್ಕೆ ಕಳುಹಿಸಿದ್ದರಿಂದ ಅವರ ಹೆಸರೇ ನಿಂತಿತು. ನಮ್ಮೂರ ಬೇಲಿಯ ಕಳ್ಳಿಗೆ ಇದು ಬಂಧು. ನಾವು ಹೂವೆಂದು ಮೆಚ್ಚುವುದು ಕೆಂಪಾದ ಎಲೆಗಳನ್ನು. ನಿಜವಾದ ಹೂಗಳು ನಡುವೆ ಇರುವ ಹಳದಿಯ ಪುಟ್ಟ ಗುಂಡುಗಳಲ್ಲಿವೆ. ಹಿಮ ಬೀಳದ ನಮ್ಮ ಹವೆಯಲ್ಲಿ ವರ್ಷವಿಡೀ ಹೊರಗೇ ಇರಬಲ್ಲದು. ನೆಲದಲ್ಲಿ ನೆಟ್ಟರೆ ಆಳೆತ್ತರ ಮೀರುತ್ತದೆ.

ಕೆಂಪಾಗಲು ಇದಕ್ಕೆ ಬೇಕಾದದ್ದು ದೀರ್ಘವಾದ, ಎಡೆಬಿಡದ ರಾತ್ರಿ. ಸೆಪ್ಟೆಂಬರ್ ಕೊನೆಯಿಂದ ರಾತ್ರಿ ಹಗಲನ್ನು ಮೀರುತ್ತದೆ. ಡಿಸೆಂಬರಿನಲ್ಲಿ ಮುಂಬಯಿಯ ರಾತ್ರಿ ಸುಮಾರು 13 ಗಂಟೆ. ಊರ ಹಿತ್ತಿಲಿಗೆ ಇಷ್ಟು ಸಾಕು. ಗ್ರಾಂಟ್ ರೋಡಿನ ಚಾಳಿನ ಗ್ಯಾಲರಿಯಲ್ಲಿ ಹಾಗಲ್ಲ. ಎದುರಿಗೆ ಬೀದಿದೀಪ, ಕೆಳಗೆ ಅಂಗಡಿಯ ದೀಪ, ಸಾಲದ್ದಕ್ಕೆ ದೀಪಾವಳಿಯ ಆಕಾಶಬುಟ್ಟಿ! ಪಾಪ, ಗಿಡಕ್ಕೆ ರಾತ್ರಿಯೇ ಆಗುವುದಿಲ್ಲ.

ಆದುದರಿಂದ ಅಕ್ಟೋಬರ್ ಆರಂಭದಿಂದ ದಿನವೂ ಸಂಜೆ 6 ಗಂಟೆಗೆ ಕುಂಡದ ಮೇಲೆ ದೊಡ್ಡ ರಟ್ಟಿನ ಪೆಟ್ಟಿಗೆಯೊಂದನ್ನು ಬೋರಲು ಹಾಕಿರಿ. ಬೆಳಿಗ್ಗೆ 8ಕ್ಕೆ, ಆಫೀಸಿಗೆ ಹೊರಡುವ ಮುನ್ನ ತೆಗೆದು ಬಿಸಿಲಿಗಿಡಿರಿ. ಎಂಟು ಹತ್ತು ವಾರ ಈ ನೇಮ ತಪ್ಪಬಾರದು. ನಡುರಾತ್ರಿ ಪೆಟ್ಟಿಗೆ ಎತ್ತಿ ನೋಡುವ ಕುತೂಹಲವೂ ಬೇಡ. ಗ್ಯಾಲರಿಯ ದೀಪ ಆರಿಸಿರೆಂದು ನೆರೆಯವರೊಡನೆ ವಾದಕ್ಕಿಳಿಯಬೇಡಿ. ಮೆಟ್ಟಿಲು ಹತ್ತಿ ಬರುವ ವೃದ್ಧರಿಗೆ ಆ ದೀಪ ಬೇಕು. ಗಿಡದ ಪಾಲಿನ ಕತ್ತಲೆಯನ್ನು ಪೆಟ್ಟಿಗೆಯೇ ಕೊಡುತ್ತದೆ.

ಉಳಿದ ಆರೈಕೆ ಸುಲಭ. ಮಾರ್ಚಿನಲ್ಲಿ ಕೊಂಬೆಗಳನ್ನು ಗೇಣುದ್ದ ಬಿಟ್ಟು ಕತ್ತರಿಸಿ. ಕತ್ತರಿಸಿದ ಕಡ್ಡಿಗಳನ್ನು ನೆಟ್ಟರೆ ಹೊಸ ಗಿಡಗಳಾಗುತ್ತವೆ. ಆಗಸ್ಟ್ ಕಳೆದ ಮೇಲೆ ಕುಡಿ ಚಿವುಟಬಾರದು, ಕೆಂಪೇರುವುದು ಕುಡಿಯಲ್ಲಿಯೇ. ಮಳೆಗಾಲದಲ್ಲಿ ಕುಂಡದ ತಳದ ತೂತು ಕಟ್ಟಿಕೊಂಡರೆ ಬೇರು ಕೊಳೆಯುತ್ತದೆ. ಕತ್ತರಿಸಿದಾಗ ಒಸರುವ ಹಾಲು ಚರ್ಮಕ್ಕೂ ಕಣ್ಣಿಗೂ ಉರಿ. ಮಕ್ಕಳ ಕೈಗೆ ತಾಗದಿರಲಿ.

ಈ ಜನವರಿಯಲ್ಲಿ ಕುಂಡ ಎಸೆಯಹೊರಟ ವಾಚಕರು ಅದನ್ನು ಒಂದು ವರ್ಷ ಉಳಿಸಿಕೊಂಡು ನೋಡಲೆಂದು ನಮ್ಮ ಬಿನ್ನಹ.