ಅವಧಿಯೂ ಒಂದು ಆಕರ: ವಾಂಗ್ ಬಿಂಗ್ ಅವರ ಸಾಕ್ಷ್ಯಚಿತ್ರಗಳು

ಕೈಗಾರಿಕೆಯ ಚರಿತ್ರೆಯನ್ನು ಬರೆಯುವವರು ಸಾಮಾನ್ಯವಾಗಿ ಸ್ಥಾಪನೆಯ ವರ್ಷ, ಹೂಡಿದ ಬಂಡವಾಳ, ಉತ್ಪಾದನೆಯ ಪ್ರಮಾಣ, ಮುಚ್ಚಿದ ದಿನಾಂಕಗಳನ್ನು ಆಧರಿಸುತ್ತಾರೆ. ಇವೆಲ್ಲ ಒಡೆತನದ ಕಡತಗಳಲ್ಲಿ ಉಳಿದ ಆಕರಗಳು. ದುಡಿದವರ ಕಾಲ ಅಲ್ಲಿ ದಾಖಲಾಗುವುದಿಲ್ಲ. 1967ರಲ್ಲಿ ಚೀನಾದ ಷಿಯಾನ್‌ನಲ್ಲಿ ಜನಿಸಿದ ವಾಂಗ್ ಬಿಂಗ್ ಅವರ ಸಾಕ್ಷ್ಯಚಿತ್ರಗಳನ್ನು ಈ ಕೊರತೆಯ ಹಿನ್ನೆಲೆಯಲ್ಲಿ ಪರಿಶೀಲಿಸಬೇಕಾಗಿದೆ. ಅವುಗಳ ದೀರ್ಘತೆಯನ್ನು ಶೈಲಿಯ ಹಟವೆಂದು ಬಗೆಯುವ ವಿಮರ್ಶೆ ಚರಿತ್ರೆಯ ಪ್ರಶ್ನೆಯನ್ನೇ ಕೈಬಿಡುತ್ತದೆ.

ಶೆನ್ಯಾಂಗ್ ನಗರದ ತಿಯೆಶಿ ಪ್ರದೇಶವು 1930ರ ದಶಕದಲ್ಲಿ ಜಪಾನೀಯರು ಯುದ್ಧಸಾಮಗ್ರಿಗಾಗಿ ಬೆಳೆಸಿದ, 1949ರ ನಂತರ ಪ್ರಭುತ್ವದ ವಶಕ್ಕೆ ಬಂದ ಭಾರೀ ಕೈಗಾರಿಕೆಗಳ ನೆಲೆ. ಅಲ್ಲಿನ ಕಾರ್ಖಾನೆಗಳು ಒಂದೊಂದಾಗಿ ಮುಚ್ಚುತ್ತಿದ್ದ 1999ರಿಂದ 2001ರ ಅವಧಿಯಲ್ಲಿ ವಾಂಗ್ ಪುಟ್ಟ ಡಿಜಿಟಲ್ ಕ್ಯಾಮೆರಾವೊಂದನ್ನು ಹಿಡಿದು ಚಿತ್ರೀಕರಿಸಿದರು. (ಕೋಲಾರದ ಚಿನ್ನದ ಗಣಿಗಳು ಮುಚ್ಚಿದ್ದು ಇದೇ 2001ರ ಫೆಬ್ರವರಿಯಲ್ಲಿ.) ಹೀಗೆ ರೂಪುಗೊಂಡ 'ಹಳಿಗಳ ಪಶ್ಚಿಮ' ಮೂರು ಭಾಗಗಳ, 9 ಗಂಟೆಗಳ ಚಿತ್ರ. ಅದರಲ್ಲಿ ಹಿನ್ನೆಲೆ ನಿರೂಪಣೆಯಿಲ್ಲ. ಹಿಮ ಸುರಿಯುವ ಹಳಿಗಳ ಮೇಲೆ ಸರಕು ರೈಲಿನ ಮುಂಭಾಗದಿಂದ ಕ್ಯಾಮೆರಾ ನಿಧಾನವಾಗಿ ಸಾಗುತ್ತದೆ. ಲೋಹ ಕರಗಿಸುವ ಕಾರ್ಖಾನೆಯ ವಿಶ್ರಾಂತಿ ಕೋಣೆಯಲ್ಲಿ ಕಾರ್ಮಿಕರು ಹರಟುತ್ತಾರೆ, ಜಗಳವಾಡುತ್ತಾರೆ, ಬಾರದ ಸಂಬಳದ ಮಾತೆತ್ತುತ್ತಾರೆ. ಮೈಗೇರಿದ ಸೀಸದ ವಿಷಕ್ಕೆ ಚಿಕಿತ್ಸೆ ಪಡೆಯಲು ಆಸ್ಪತ್ರೆ ಸೇರುತ್ತಾರೆ. ಎರಡನೆಯ ಭಾಗದಲ್ಲಿ ಅವರ ವಸತಿಗಳು ನೆಲಸಮವಾಗುತ್ತವೆ. ಮೂರನೆಯದರಲ್ಲಿ ಹಳಿಗಳ ಬದಿಯಲ್ಲಿ ಕಲ್ಲಿದ್ದಲು ಆಯ್ದು ಬದುಕುವ ತಂದೆಯೊಬ್ಬ ಬಂಧಿತನಾಗುತ್ತಾನೆ. ಮಗ ಹಳೆಯ ಛಾಯಾಚಿತ್ರಗಳನ್ನು ಹೊರತೆಗೆದು ನೋಡುತ್ತ ಅಳುತ್ತಾನೆ.

ಕಾರ್ಖಾನೆಗಳು ಮುಚ್ಚಿದ್ದೇಕೆ ಎಂಬುದನ್ನು ಚಿತ್ರ ವಿವರಿಸುವುದಿಲ್ಲವೆಂಬ ಆಕ್ಷೇಪ ನಿರಾಧಾರವಾದುದಲ್ಲ. ಸರ್ಕಾರಿ ಉದ್ಯಮಗಳ ಪುನಾರಚನೆಯ ನೀತಿಯನ್ನು ನೋಡುಗರು ಬೇರೆಡೆ ಓದಿಕೊಳ್ಳಬೇಕು. ಆದರೆ ನೀತಿಯನ್ನು ಕುರಿತ ಗ್ರಂಥಗಳಿಗೆ ಕೊರತೆಯಿಲ್ಲ. ಕೆಲಸವಿಲ್ಲದ ಪಾಳಿಯಲ್ಲಿ ಕುಳಿತು ಕಾಯುವುದು ಎಂದರೇನು ಎಂಬುದನ್ನು ಅವು ತಿಳಿಸಲಾರವು.

ಅವರ ಎಲ್ಲ ಚಿತ್ರಗಳೂ ದೀರ್ಘವಲ್ಲ. ತೈಲಕ್ಷೇತ್ರದ ಕಾರ್ಮಿಕರನ್ನು ಕುರಿತ 'ಕಚ್ಚಾ ತೈಲ' (2008) 14 ಗಂಟೆಗಳದಾದರೆ, ಗಣಿಯಿಂದ ಬಂದರಿನವರೆಗೆ ಕಲ್ಲಿದ್ದಲ ಲಾರಿಗಳನ್ನು ಹಿಂಬಾಲಿಸುವ 2009ರ ಚಿತ್ರ ಒಂದು ಗಂಟೆಯನ್ನೂ ಮುಟ್ಟುವುದಿಲ್ಲ. ವಸ್ತುವೇ ಅವಧಿಯನ್ನು ನಿರ್ಧರಿಸಿದೆ.

2014ರಿಂದ 2019ರವರೆಗೆ ಜಿಲಿ ಪಟ್ಟಣದ ಖಾಸಗಿ ಹೊಲಿಗೆ ಘಟಕಗಳಲ್ಲಿ ಚಿತ್ರೀಕರಿಸಿದ 'ಯೌವನ' ತ್ರಿವಳಿಯು 2023 ಮತ್ತು 2024ರಲ್ಲಿ ತೆರೆಕಂಡಿತು. ಇಲ್ಲಿ ಹಳ್ಳಿಗಳಿಂದ ಬಂದ ಯುವಜನರು ಉಡುಪಿನ ಲೆಕ್ಕದಲ್ಲಿ ಕೂಲಿಗೆ ದುಡಿಯುತ್ತಾರೆ, ದರಕ್ಕಾಗಿ ಮಾಲೀಕರೊಂದಿಗೆ ಚೌಕಾಶಿಗಿಳಿಯುತ್ತಾರೆ. ಲಿಖಿತ ದಾಖಲೆಯೊಂದನ್ನೇ ಪ್ರಮಾಣವೆಂದು ಭಾವಿಸುವ ಸಂಶೋಧಕರು ಎರಡನೆಯ ಭಾಗದ ಒಂದು ಸಂದರ್ಭವನ್ನು ಅವಶ್ಯ ಗಮನಿಸಬೇಕು. ಕಾರ್ಮಿಕನೊಬ್ಬ ತನ್ನ ಕೂಲಿ ಲೆಕ್ಕದ ಪುಸ್ತಕವನ್ನು ಕಳೆದುಕೊಳ್ಳುತ್ತಾನೆ. ಆತ ದುಡಿದದ್ದು ಮಾಲೀಕನಿಗೂ ಗೊತ್ತು. ಪುಸ್ತಕವಿಲ್ಲವೆಂಬ ಕಾರಣಕ್ಕೆ ಕೂಲಿ ಕೊಡಲು ಅವನು ಒಪ್ಪುವುದಿಲ್ಲ.