ಪೆಟ್ಟಿಗೆಯಿಲ್ಲದ ರೂಟರ್

2021ರ ಅಕ್ಟೋಬರ್ 4ರ ರಾತ್ರಿ ಒಂಬತ್ತರ ಸುಮಾರಿಗೆ ವಾಟ್ಸ್‌ಆ್ಯಪ್ ಹಠಾತ್ತನೆ ಮೂಕವಾದುದು ವಾಚಕರಲ್ಲಿ ಅನೇಕರಿಗೆ ನೆನಪಿರಬಹುದು. ತಮ್ಮ ಮೊಬೈಲೇ ಕೆಟ್ಟಿತೆಂದು ಬಗೆದವರೂ ಉಂಟು. ನಡೆದುದು ಬೇರೆ. ಫೇಸ್‌ಬುಕ್ ಸಂಸ್ಥೆಯ ಜಾಲದಲ್ಲಿ ವಾಡಿಕೆಯ ನಿರ್ವಹಣೆಯ ವೇಳೆ ಕೊಟ್ಟ ಒಂದು ಆಜ್ಞೆಯು ಅದರ ಕೇಂದ್ರಗಳ ನಡುವಣ ಸಂಪರ್ಕವನ್ನೇ ಕಡಿದುಹಾಕಿತು. ಹಿಂದೆಯೇ, ಆ ಸಂಸ್ಥೆಯನ್ನು ತಲುಪುವ ದಾರಿಯ ಸೂಚನೆಗಳೂ ಜಗತ್ತಿನ ಜಾಲದಿಂದ ಅಳಿಸಿಹೋದವು. ಸರಿಪಡಿಸಲು ಸುಮಾರು ಆರು ಗಂಟೆ ಹಿಡಿಯಿತು.

ಇಂಥ ದಾರಿಗಳ ಲೆಕ್ಕವಿಟ್ಟು ಮಾಹಿತಿಯನ್ನು ಮುಂದಕ್ಕೆ ಕಳುಹಿಸುವ ಯಂತ್ರವೇ ರೂಟರ್. (ಒಂಬತ್ತನೆಯ ಶತಮಾನದಲ್ಲಿಯೇ ಗ್ರಂಥಕ್ಕೆ ‘ಮಾರ್ಗ’ವೆಂದು ಹೆಸರಿಟ್ಟ ನುಡಿ ನಮ್ಮದು, ಆದರೂ ಹೊಸ ಪದವೊಂದನ್ನು ಟಂಕಿಸಿ ಓದುಗರನ್ನು ಪೀಡಿಸುವ ಇಚ್ಛೆ ನನಗಿಲ್ಲ.) ಈ ವಿದ್ಯೆ ಕಲಿಯುವ ತರುಣರು ಬಿ.ಟಿ.ಎಂ. ಬಡಾವಣೆಯ ಪಿ.ಜಿ.ಗಳಲ್ಲಿ ಬಹಳ ಮಂದಿ. ಹತ್ತು ರೂಟರ್ ಕೊಂಡು ಮಂಚದ ಕೆಳಗಿರಿಸಿಕೊಳ್ಳುವ ಶಕ್ತಿ ಅವರಿಗೆಲ್ಲಿಯದು? ತಪ್ಪು ಮಾಡಿ ಕಲಿಯಲೆಂದು ತನ್ನ ಜಾಲವನ್ನು ಯಾವ ಕಂಪನಿಯೂ ಒಪ್ಪಿಸದು.

2005ರಲ್ಲಿ ಫ್ರಾನ್ಸಿನ ಕ್ರಿಸ್ಟೋಫ್ ಫಿಯೊ ಎಂಬವರು ‘ಡೈನಾಮಿಪ್ಸ್’ ಎಂಬ ತಂತ್ರಾಂಶವನ್ನು ರಚಿಸಿ, ಸಿಸ್ಕೊ ರೂಟರನ್ನು ಸಾಮಾನ್ಯ ಕಂಪ್ಯೂಟರಿನೊಳಗೇ ನಡೆಸಿ ತೋರಿಸಿದರು. ಆದರೆ ಅದರಲ್ಲೊಂದು ವಿಚಿತ್ರವಿತ್ತು. ರೂಟರ್ ಸುಮ್ಮನೆ ಕುಳಿತಿದ್ದರೂ ಕಂಪ್ಯೂಟರಿನ ಪ್ರೊಸೆಸರ್ ಬೆವರು ಸುರಿಸುತ್ತಿತ್ತು! ಯಂತ್ರವು ಬಿಡುವಾಗಿರುವ ಕ್ಷಣವನ್ನು ಗುರುತಿಸಿ ತಿಳಿಸಿಕೊಟ್ಟಲ್ಲದೆ ಅದು ಶಾಂತವಾಗುತ್ತಿರಲಿಲ್ಲ.

ಇಂದು ಹಗುರವಾದ ಇಮೇಜುಗಳು ಬಂದಿವೆ. ಇಮೇಜ್ ಎಂದರೆ ರೂಟರಿನ ತಂತ್ರಾಂಶವನ್ನೆಲ್ಲ ಅಡಗಿಸಿಟ್ಟ ಒಂದು ಕಡತ. ಸಿಸ್ಕೊದ ಕ್ಯಾಟಲಿಸ್ಟ್ 8000ವಿ ಒಂದೇ 4 ಜಿ.ಬಿ. ಮೆಮೊರಿ ಬೇಡುತ್ತದೆ, 8 ಜಿ.ಬಿ. ಲ್ಯಾಪ್‌ಟಾಪಿನಲ್ಲಿ ಎರಡನ್ನು ನಡೆಸುವುದೂ ಕಷ್ಟ. ಮೈಕ್ರೋಟಿಕ್‌ನ ಸಿ.ಎಚ್.ಆರ್.ಗೆ 256 ಎಂ.ಬಿ. ಕೊಟ್ಟರೆ ಹತ್ತು ರೂಟರಿಗೆ ಎರಡೂವರೆ ಜಿ.ಬಿ. ಸಾಕು. ಇನ್ನೂ ಮಿತಾಹಾರಿಯಾದುದು ಎಫ್.ಆರ್.ಆರ್. ಇದರ ವಂಶಮೂಲ 1996ರಲ್ಲಿ ಜಪಾನಿನ ಕುನಿಹಿರೊ ಇಷಿಗುರೊ ಆರಂಭಿಸಿದ ‘ಜೀಬ್ರಾ’. 2017ರಿಂದ ಇದು ಲಿನಕ್ಸ್ ಫೌಂಡೇಶನ್ನಿನ ಆಶ್ರಯದಲ್ಲಿದೆ. ಎರಡು ಎಫ್.ಆರ್.ಆರ್.ಗಳನ್ನು ಜೋಡಿಸಿ, ಒಂದರಿಂದ ದಾರಿಯ ಪ್ರಕಟಣೆಯನ್ನು ಹಿಂತೆಗೆದುಕೊಳ್ಳಿ. ಇನ್ನೊಂದರ ಪಟ್ಟಿಯಿಂದ ಆ ಸಾಲು ಮಾಯವಾಗುತ್ತದೆ. ಅಕ್ಟೋಬರಿನ ಆ ರಾತ್ರಿಯನ್ನು ಯಾರಿಗೂ ನಷ್ಟವಿಲ್ಲದೆ ಹತ್ತು ಬಾರಿ ಅಭಿನಯಿಸಬಹುದು.

ಕೊರತೆಗಳಿಲ್ಲವೆಂದಲ್ಲ. ಸಿ.ಎಚ್.ಆರ್.ನ ಉಚಿತ ಪರವಾನಗಿಯಲ್ಲಿ ವೇಗವು ಪ್ರತಿ ಸಂಪರ್ಕಕ್ಕೆ 1 ಎಂ.ಬಿ.ಪಿ.ಎಸ್.ಗೆ ಸೀಮಿತ. ಸಡಿಲವಾದ ಕೇಬಲ್, ಕಾದುಹೋದ ಪೆಟ್ಟಿಗೆ, ನಿಂತುಹೋದ ಫ್ಯಾನು, ಇವುಗಳನ್ನು ಯಾವ ಇಮೇಜೂ ಕಲಿಸದು. ಆದರೆ ದಾರಿ ಆರಿಸುವ ನಿಯಮಗಳನ್ನು ಅರಿಯಲು ವೇಗವೇಕೆ?

ದೊಡ್ಡ ಕಂಪನಿಯ ಇಮೇಜಿನ ಕದ್ದ ಪ್ರತಿಯನ್ನು ಪೆನ್‌ಡ್ರೈವಿನಲ್ಲಿ ಹಂಚಿಕೊಳ್ಳುವ ಚಪಲವೂ ವಿದ್ಯಾರ್ಥಿಗಳಲ್ಲಿ ಉಂಟಾಗುವುದು ಸಹಜ. ಎಫ್.ಆರ್.ಆರ್. ಮುಕ್ತ ತಂತ್ರಾಂಶವಾದುದರಿಂದ ಅಲ್ಲಿ ಆ ಕಳವಳವಿಲ್ಲ. ನೆಟ್‌ವರ್ಕಿಂಗ್ ಕಲಿಯಲು ದುಬಾರಿಯ ಲ್ಯಾಪ್‌ಟಾಪೇ ಬೇಕೆಂದು ಮನೆಯ ಹುಡುಗ ಹಟ ಹಿಡಿದಿದ್ದರೆ, ಇರುವ ಹಳೆಯ 8 ಜಿ.ಬಿ.ಯದರಲ್ಲಿ ಮೊದಲು ನಾಲ್ಕು ರೂಟರ್ ಎಬ್ಬಿಸಿ ತೋರಿಸೆಂದು ತಂದೆತಾಯಿಗಳು ನಿಸ್ಸಂಕೋಚವಾಗಿ ಹೇಳಬಹುದು.