ಮೆಕ್ಕಾದ ವ್ಯಾಪಾರ, ಮುಂಬೈಯ ಎಂಜಿನಿಯರ್
ಇಲ್ಲಿ ಖಡಕಿಯಲ್ಲಿ ಕೂತು ಮತ್ತೆ ಓದಿದ್ದು ಅಸ್ಗರ್ ಅಲಿ ಎಂಜಿನಿಯರ್ ಅವರು ಇಸ್ಲಾಮಿನ ಉಗಮದ ಬಗ್ಗೆ 1980ರಲ್ಲಿ ಬರೆದ ಪುಸ್ತಕ. ಪಕ್ಕದ ಪುಣೆಯಲ್ಲಿ 1970ರಲ್ಲಿ ಮುಸ್ಲಿಂ ಸತ್ಯಶೋಧಕ ಮಂಡಳ ಎಂಬ ಸುಧಾರಣಾ ಸಂಘಟನೆ ಕಟ್ಟಿದ ಹಮೀದ್ ದಳವಾಯಿ ಧರ್ಮದ ಹೊರಗೆ ನಿಂತು ಪ್ರಶ್ನಿಸಿದರು. ಮುಂಬೈ ಪಾಲಿಕೆಯಲ್ಲಿ ಸಿವಿಲ್ ಎಂಜಿನಿಯರಾಗಿದ್ದ ಬೊಹ್ರಾ ಮುಸ್ಲಿಂ ವಿದ್ವಾಂಸ ಅಸ್ಗರ್ ಅಲಿ ಧರ್ಮದ ಒಳಗಿದ್ದುಕೊಂಡೇ ಕೇಳಿದರು. ಮೆಕ್ಕಾದಲ್ಲಿ ವ್ಯಾಪಾರ ಬೆಳೆದು, ಬುಡಕಟ್ಟಿನ ಹಂಚಿ ತಿನ್ನುವ ರೂಢಿ ಸಡಿಲಾಗಿ, ಹಣ ಕೆಲವರ ಕೈಸೇರಿತು; ಕುರಾನಿನಲ್ಲಿ ಅನಾಥರ, ಬಡವರ, ಗುಲಾಮರ ಪರವಾದ ಮಾತು ಅಷ್ಟು ಗಟ್ಟಿಯಾಗಿರುವುದಕ್ಕೆ ಅವರು ಈ ಪುಸ್ತಕದಲ್ಲಿ ಕೊಡುವ ಹಿನ್ನೆಲೆ ಇದು. ಮೆಕ್ಕಾ ನಿಜಕ್ಕೂ ಅಂಥ ದೊಡ್ಡ ಪೇಟೆಯೇ ಎಂದು 1987ರಲ್ಲಿ ಇತಿಹಾಸಕಾರ್ತಿ ಪ್ಯಾಟ್ರಿಷಿಯಾ ಕ್ರೋನ್ ತಮ್ಮ ಪುಸ್ತಕದಲ್ಲಿ ಕೆಣಕಿದ ಮೇಲೆ ಆ ವಾದದ ಬುನಾದಿ ಅಲುಗಾಡಿದ್ದು ನಿಜ. ಆದರೂ ಭಕ್ತಿಯನ್ನೂ ಇತಿಹಾಸವನ್ನೂ ಜಗಳಕ್ಕಿಳಿಸದೆ ಬರೆದ ಇಂಥ ಪುಸ್ತಕ ನಮ್ಮಲ್ಲಿ ಅಪರೂಪ; ಕ್ರೋನ್ ಅವರ ಪುಸ್ತಕವನ್ನೂ ಜೊತೆಗಿಟ್ಟುಕೊಂಡೇ ಓದಿ.